ಟ್ರಂಕಿನಲ್ಲಿದ್ದ 41 ಗಂಟೆ

ಹೋದ ವಾರ ನಮ್ಮ ಸಾಕ್ಷ್ಯಚಿತ್ರದ ಸೌಂಡ್ ಮಿಕ್ಸಿಂಗ್ ಮುಗಿಯಿತು. 38 ನಿಮಿಷದ ಚಿತ್ರ. ಅದರಲ್ಲಿ ಹಳೆ ಟೇಪುಗಳಿಂದ ಬಂದ ಧ್ವನಿ ಇರುವುದು ಆರೂವರೆ ನಿಮಿಷ. ಆ ಆರೂವರೆ ನಿಮಿಷಕ್ಕೆ ಹದಿನಾಲ್ಕು ತಿಂಗಳು ಹಿಡಿಯಿತು, ಹತ್ತಿರ ಹತ್ತಿರ 55 ಸಾವಿರ ರೂಪಾಯಿ ಹೋಯಿತು. ಶುರುವಿನಲ್ಲಿ ನಾನು ಹಾಕಿಕೊಂಡ ಲೆಕ್ಕ ಒಂದು ತಿಂಗಳು, ಐದು ಸಾವಿರ. ಮನೆಯಲ್ಲಿ ಹಳೆ ಕ್ಯಾಸೆಟ್ಟು, ಸ್ಪೂಲು (ಡಬ್ಬಿಯಿಲ್ಲದೆ ಬರೀ ಚಕ್ರಕ್ಕೆ ಸುತ್ತಿದ ಟೇಪು) ಇಟ್ಟುಕೊಂಡು ಏನಾದರೂ ಮಾಡಬೇಕು ಅಂತ ಯೋಚಿಸುತ್ತಿರುವವರು ನಾನು ಎಡವಿದಲ್ಲೇ ಎಡವುವುದು ಬೇಡ ಅಂತ ಇದನ್ನು ಬರೆಯುತ್ತಿದ್ದೇನೆ.

ಚಿತ್ರ ಸುಗ್ಗಿಯ ಬಗ್ಗೆ. ನಮ್ಮ ಕಡೆ ಮೊದಲು ಜೋಳದ ತೆನೆಯನ್ನು ಕಣದಲ್ಲಿ ಹರಡಿ, ನಡುವೆ ಮೇಟಿ ನೆಟ್ಟು, ಎತ್ತುಗಳನ್ನು ಸಾಲಾಗಿ ಕಟ್ಟಿ ಸುತ್ತ ತಿರುಗಿಸುತ್ತಿದ್ದರು. ಅದಕ್ಕೆ ಹಂತಿ ಅನ್ನುತ್ತಾರೆ. ರಾತ್ರಿಯಿಡೀ ನಡೆಯುವ ಕೆಲಸ. ನಿದ್ದೆ ಬರಬಾರದು ಅಂತ ಎತ್ತಿನ ಹಿಂದೆ ನಡೆಯುವವರು ಹಾಡುತ್ತಿದ್ದರು. ಆ ಕಾಳು ಮನೆಗೆ ಬಂದ ಮೇಲೆ ಬೀಸುಕಲ್ಲಿನ ಮುಂದೆ ಹೆಂಗಸರ ಹಾಡು. ಈಗ ಎರಡೂ ಇಲ್ಲ. ಕಣ ಮಾಡಿಸಿ, ಎತ್ತು ತರಿಸಿ ಮತ್ತೆ ಶೂಟ್ ಮಾಡಬಹುದಿತ್ತು. ಆದರೆ ಅದು ನಾಟಕದ ಹಾಗೆ ಕಾಣುತ್ತಿತ್ತು. ನನಗೆ ಆ ಕಾಲದ ಸದ್ದೇ ಬೇಕಿತ್ತು.

ಬೀಳಗಿ ತಾಲ್ಲೂಕಿನ ಒಬ್ಬ ಮಾಸ್ತರರು ಟೇಪ್‌ರೆಕಾರ್ಡರ್ ಹಿಡಿದುಕೊಂಡು ಓಣಿ ಓಣಿ ತಿರುಗುತ್ತಿದ್ದರು ಅಂತ ಸೋದರಮಾವ ಹೇಳಿದ್ದ. ಅವರ ಊರು ಆಲಮಟ್ಟಿ ಹಿನ್ನೀರಿನಲ್ಲಿ ಮುಳುಗಿದೆ. ಮಾಸ್ತರರೂ ತೀರಿಕೊಂಡಿದ್ದಾರೆ. ಮಗ ಪುನರ್ವಸತಿ ಕೇಂದ್ರದ ಮನೆಯಲ್ಲಿ ಇದ್ದಾರೆ. ನಾನು ಹೋಗಿ ವಿಷಯ ಹೇಳಿದ್ದೇ ತಡ, ತಗಡಿನ ಕೆಳಗಿನ ಅಟ್ಟದಿಂದ ಒಂದು ಕಬ್ಬಿಣದ ಟ್ರಂಕು ಇಳಿಸಿಕೊಟ್ಟರು.

"ಅಪ್ಪಾರು ಪಗಾರದಾಗ ಅರ್ಧ ಇದಕ್ಕs ಹಾಕ್ತಿದ್ರು ಅಂತ ನಮ್ಮವ್ವ ಬೈತಿದ್ಲ್ರಿ. ತಗೊಂಡ್ ಹೋಗ್ರಿ, ಅಟ್ಟ ಖಾಲಿ ಆಗ್ಲಿ."

ಒಳಗೆ 37 ಕ್ಯಾಸೆಟ್ಟು, ಎರಡು ಸ್ಪೂಲು, ಮೂರು ಗ್ರಾಮಫೋನ್ ತಟ್ಟೆ, ಸೆಲ್ಲು ಸೋರಿ ಹಸಿರುಗಟ್ಟಿದ ಒಂದು ರೆಕಾರ್ಡರು. ಖುಷಿಯಲ್ಲಿ ಟ್ರಂಕನ್ನು ಬೈಕಿನ ಹಿಂದೆ ಕಟ್ಟಿಕೊಂಡು ಬಾಗಲಕೋಟೆಯ ನವನಗರಕ್ಕೆ ಬಂದೆ. ಕಾಗದ ಪತ್ರ ಏನೂ ಕೇಳಲಿಲ್ಲ. ಅದರ ಕಥೆ ಮುಂದೆ ಬರುತ್ತದೆ.

ಅವತ್ತು ರಾತ್ರಿಯೇ ಗೆಳೆಯನ ಮನೆಯ ಹಳೆ ಟೂ-ಇನ್-ಒನ್‌ಗೆ ಮೊದಲ ಕ್ಯಾಸೆಟ್ಟು ಹಾಕಿ ಪ್ಲೇ ಒತ್ತಿದೆ. ಎತ್ತಿನ ಗಂಟೆಯ ಸದ್ದು ಬಂತು, ಯಾರೋ ದನಿ ಎತ್ತಿದರು, ಅಷ್ಟರಲ್ಲಿ ಗೊಂಯ್ ಅಂತ ಎಳೆದುಕೊಂಡು ನಿಂತೇ ಹೋಯಿತು. ತೆಗೆದು ನೋಡಿದರೆ ಟೇಪು ರೋಲರಿಗೆ ಸುತ್ತಿಕೊಂಡು ಶಾವಿಗೆಯ ಹಾಗೆ ಮುದುಡಿತ್ತು. ಕ್ಯಾಸೆಟ್ಟು ಸೆಕೆಂಡಿಗೆ 4.76 ಸೆಂಟಿಮೀಟರ್ ಓಡುತ್ತದೆ. ಒಂದು ಮೊಳ ಟೇಪು ಹಾಳಾದರೆ ಹತ್ತು ಸೆಕೆಂಡು ಹಾಳಾಯಿತು ಅಂತ ಲೆಕ್ಕ. ನನ್ನದು ಒಂದು ಮೊಳಕ್ಕಿಂತ ಸ್ವಲ್ಪ ಜಾಸ್ತಿಯೇ ಹೋಯಿತು. ಆ ದನಿ ಎತ್ತಿದವರು ಯಾರು ಅಂತ ಇವತ್ತಿಗೂ ಗೊತ್ತಾಗಿಲ್ಲ.

ಹಾಗಾಗಿ ಹಳೆ ಟೇಪು ಕೈಗೆ ಸಿಕ್ಕ ಕೂಡಲೇ ಪ್ಲೇ ಒತ್ತಬೇಡಿ. ಮೊದಲು ಎಲ್ಲದರ ಫೋಟೋ ತೆಗೆಯಿರಿ, ಕವರಿನ ಒಳಗಿನ ಬರಹ ಸಹಿತ. ನಂಬರ್ ಹಾಕಿ. ಕ್ಯಾಸೆಟ್ಟಿನ ಹಿಂದೆ ಎರಡು ಸಣ್ಣ ಪ್ಲಾಸ್ಟಿಕ್ ಕಿವಿಗಳಿರುತ್ತವೆ, ಅವನ್ನು ಮುರಿದುಬಿಡಿ. ಆಮೇಲೆ ತಪ್ಪಿ ರೆಕಾರ್ಡ್ ಬಟನ್ ಒತ್ತಿದರೂ ಅಳಿಸಿಹೋಗುವ ಭಯ ಇಲ್ಲ. ಟೇಪಿನ ಅಂಚಿನಲ್ಲಿ ಬಿಳಿ ಪುಡಿ ಕಂಡರೆ ಅದು ಬೂಷ್ಟು. ಅದನ್ನು ಮಷೀನಿಗೆ ಹಾಕಿದರೆ ಮುಂದೆ ಹಾಕುವ ಕ್ಯಾಸೆಟ್ಟಿಗೂ ಹತ್ತುತ್ತದೆ, ಬೇರೆ ಇಡಿ. ನಡುವೆ ತಾಮ್ರದ ಪಟ್ಟಿಯ ಮೇಲೆ ಒಂದು ಚೂರು ಉಣ್ಣೆಯಂಥ ಪ್ಯಾಡ್ ಇರಬೇಕು. ನನ್ನ 37ರಲ್ಲಿ ಒಂಬತ್ತಕ್ಕೆ ಅದು ಬಿದ್ದುಹೋಗಿತ್ತು. ಅದಿಲ್ಲದಿದ್ದರೆ ಟೇಪು ಮಷೀನಿನ ಹೆಡ್ಡಿಗೆ, ಅಂದರೆ ಟೇಪಿನಿಂದ ಧ್ವನಿ ಓದುವ ಭಾಗಕ್ಕೆ, ಸರಿಯಾಗಿ ತಾಗುವುದಿಲ್ಲ, ದನಿ ಬಾವಿಯೊಳಗಿಂದ ಬಂದ ಹಾಗೆ ಕೇಳುತ್ತದೆ. ಸ್ಕ್ರೂ ಇರುವ ಬೇರೆ ಕ್ಯಾಸೆಟ್ಟು ಬಿಚ್ಚಿ, ಅದರ ಮನೆಯೊಳಗೆ ನಮ್ಮ ಟೇಪು ಕೂರಿಸಿದರೆ ಆಯಿತು. ಮೊದಲನೆಯದಕ್ಕೆ ಎರಡು ಗಂಟೆ ಬೇಕಾಯಿತು, ಒಂಬತ್ತನೆಯದಕ್ಕೆ ಇಪ್ಪತ್ತು ನಿಮಿಷ.

ಆದರೆ ಇದೆಲ್ಲ ನಾನು ಕಲಿತದ್ದು ಆಮೇಲೆ. ಟೇಪು ಹರಿದ ಭಯದಲ್ಲಿ, ಇದು ನನ್ನ ಕೈಲಾಗುವ ಕೆಲಸ ಅಲ್ಲ ಅಂತ ಹನ್ನೆರಡು ಕ್ಯಾಸೆಟ್ಟು ಒಯ್ದು ಒಂದು ಸ್ಟುಡಿಯೋಕ್ಕೆ ಕೊಟ್ಟೆ. ಒಂದಕ್ಕೆ 150 ರೂಪಾಯಿ. ಮದುವೆ ಕ್ಯಾಸೆಟ್ಟುಗಳನ್ನು ಪೆನ್‌ಡ್ರೈವಿಗೆ ಹಾಕಿಕೊಡುವ ಅಂಗಡಿ. ವಾರ ಬಿಟ್ಟು ಹೋದೆ. ಹುಡುಗ ಬಹಳ ಹೆಮ್ಮೆಯಿಂದ ಹೆಡ್‌ಫೋನ್ ಕೊಟ್ಟ.

"ಹಿಂದ ಬರೇ ಗರ್ ಗರ್ ಅಂತಿತ್ತ್ರಿ ಅಣ್ಣಾರ. ಪೂರಾ ತೆಗದೀನಿ. ಈಗ ಕೇಳ್ರಿ, ಹೆಂಗ ಕ್ಲೀನ್ ಐತಿ!"

ಅವನು ತೆಗೆದದ್ದು ಬೀಸುಕಲ್ಲನ್ನು. ಹೆಣ್ಣುಮಗಳೊಬ್ಬಳು ನೀರಿನೊಳಗೆ ಕೂತು ಹಾಡಿದ ಹಾಗಿತ್ತು. ಹಂತಿಯ ಕ್ಯಾಸೆಟ್ಟಿನಲ್ಲಿ ತೆನೆ ತುಳಿಯುವ ಚರಚರ ಸದ್ದೂ ಮಾಯ. ಜೊತೆಗೆ ಎಲ್ಲಾ ಎಂಪಿ3, ಅಂದರೆ ಫೈಲು ಸಣ್ಣದಾಗಲಿ ಅಂತ ಧ್ವನಿಯಲ್ಲಿ ಒಂದಷ್ಟನ್ನು ಬಿಟ್ಟುಬಿಡುವ ಬಗೆ. ಪಾಪ, ಅವನ ಮೇಲೆ ಸಿಟ್ಟು ಮಾಡಿ ಏನು ಮಾಡಲಿ? ಏನು ಬೇಡ ಅಂತ ನಾನೇ ಹೇಳಿರಲಿಲ್ಲ. 1,800 ರೂಪಾಯಿ ಕೊಟ್ಟು ಎದ್ದು ಬಂದೆ. ನೀವು ಹೊರಗೆ ಕೊಡುವುದಾದರೆ ಚೀಟಿಯಲ್ಲಿ ಬರೆದುಕೊಡಿ: ಏನೂ ತೆಗೆಯಬೇಡಿ, ಏನೂ ಸೇರಿಸಬೇಡಿ, ಗದ್ದಲ ಇದ್ದರೆ ಇರಲಿ, ಏನೂ ಬಿಡದೆ ಇಡುವ ವೇವ್ ಫೈಲೇ ಬೇಕು. ಗದ್ದಲ ಯಾವುದು, ಹಾಡು ಯಾವುದು ಅನ್ನುವುದನ್ನು ಆಮೇಲೆ ನೀವೇ ಕೂತು ತೀರ್ಮಾನಿಸಬಹುದು.

ಕೊನೆಗೆ ಮನೆಯಲ್ಲೇ ಮಾಡುವುದು ಅಂತಾಯಿತು. ಹಳೆ ಕ್ಯಾಸೆಟ್ ಡೆಕ್ಕಿಗೆ 11,500. ಅದರ ಬೆಲ್ಟ್ ಸಡಿಲಾಗಿತ್ತು, ಅದಕ್ಕೆ 1,800. ಡೆಕ್ಕಿನಿಂದ ಲ್ಯಾಪ್‌ಟಾಪಿಗೆ ಧ್ವನಿ ತರುವ ಆಡಿಯೋ ಇಂಟರ್ಫೇಸಿಗೆ 8,200. ಲ್ಯಾಪ್‌ಟಾಪಿನ ಮೈಕ್ ತೂತಿಗೇ ವೈರ್ ಚುಚ್ಚಿ ಮಾಡುವವರಿದ್ದಾರೆ. ಸಿನಿಮಾಕ್ಕೆ ಬಳಸುವ ಆಸೆ ಇದ್ದರೆ ಹಾಗೆ ಮಾಡಬೇಡಿ. ಧ್ವನಿಯನ್ನು ಎಷ್ಟು ಸೂಕ್ಷ್ಮವಾಗಿ ಅಳೆದು ಫೈಲು ಮಾಡಬೇಕು ಅಂದರೆ, ಧ್ವನಿ ಕಾಪಿಡುವ ಕೆಲಸದವರು 24 ಬಿಟ್, ಕನಿಷ್ಠ 48 ಕಿಲೋಹರ್ಟ್ಸ್, ಸಾಧ್ಯವಾದರೆ 96 ಅನ್ನುತ್ತಾರೆ. ನಾನು 96ರಲ್ಲಿ ಇಟ್ಟೆ. ಗಂಟೆಗೆ ಎರಡು ಜಿಬಿ ಆಗುತ್ತದೆ. ಒಟ್ಟು 41 ಗಂಟೆಯ ಧ್ವನಿ, 85 ಜಿಬಿ. ವಿಡಿಯೋ ಎಡಿಟಿಂಗಿಗೆ 48 ಸಾಕು, ಅದಕ್ಕೆ ಬೇರೆ ಪ್ರತಿ ಮಾಡಿಕೊಂಡೆವು. ಮೂಲ ಫೈಲನ್ನು ಯಾರೂ ಮುಟ್ಟುವ ಹಾಗಿಲ್ಲ.

ಇದರಲ್ಲಿ ಅವಸರ ನಡೆಯುವುದಿಲ್ಲ. 90 ನಿಮಿಷದ ಕ್ಯಾಸೆಟ್ಟಿಗೆ 90 ನಿಮಿಷ ಕೂರಲೇಬೇಕು. ಪ್ರತಿ ಕ್ಯಾಸೆಟ್ಟಿಗೂ ಮೊದಲು ಹೆಡ್ಡನ್ನು ಐಸೋಪ್ರೊಪೈಲ್ ಆಲ್ಕೋಹಾಲಿನಲ್ಲಿ ಒರೆಸಬೇಕು. ಆಮೇಲೆ ಹೆಡ್ಡಿನ ಪಕ್ಕದ ಪುಟ್ಟ ಸ್ಕ್ರೂ ತಿರುಗಿಸಿ ಹೆಡ್ಡು ಕೂರುವ ಕೋನ ಸರಿಮಾಡಬೇಕು, ಆ ಕೋನಕ್ಕೆ ಅಜಿಮತ್ ಅನ್ನುತ್ತಾರೆ. ಮಾಸ್ತರರ ರೆಕಾರ್ಡರಿನ ಹೆಡ್ಡು ಕೂತಿದ್ದ ಕೋನ ಬೇರೆ, ನನ್ನ ಡೆಕ್ಕಿನದು ಬೇರೆ. ಕೂದಲೆಳೆಯಷ್ಟು ತಿರುಗಿಸಿದರೆ ಸಾಕು, ಕಂಬಳಿ ಮುಚ್ಚಿದ್ದ ದನಿಯ ಮೇಲಿಂದ ಕಂಬಳಿ ಎಳೆದ ಹಾಗಾಗುತ್ತದೆ. ಮೊದಲ ಸಲ ಎತ್ತಿನ ಗೆಜ್ಜೆ ಒಂದೊಂದಾಗಿ ಬಿಡಿಸಿ ಕೇಳಿದಾಗ ನಾನು ರಾತ್ರಿ ಒಂದು ಗಂಟೆಗೆ ಹೆಂಡತಿಯನ್ನು ಎಬ್ಬಿಸಿದ್ದೆ. ಅವಳು ಕೇಳಿ, "ಛಲೋ ಐತಿ" ಅಂದು ಮತ್ತೆ ಮಲಗಿದಳು.

ರಾತ್ರಿ ಯಾಕೆ ಅಂದರೆ, ಹಗಲು ಓಣಿಯ ಎಲ್ಲಾ ಮೋಟರು ನಡೆಯುತ್ತವೆ, ಬೇಸಿಗೆಯಲ್ಲಿ ಕರೆಂಟಿನ ನಂಬಿಕೆಯೂ ಇಲ್ಲ. ಎರಡು ವಾರ ಎಲ್ಲದರಲ್ಲೂ ಹೂಂ ಅಂತ ಒಂದು ಸಣ್ಣ ಸದ್ದು ಬರುತ್ತಿತ್ತು. ಟೇಪಿನದೇ ಅಂದುಕೊಂಡಿದ್ದೆ. ಲ್ಯಾಪ್‌ಟಾಪಿನ ಚಾರ್ಜರ್ ಕಿತ್ತ ತಕ್ಷಣ ನಿಂತಿತು! ಆರು ಕ್ಯಾಸೆಟ್ಟು ಮತ್ತೆ ಮಾಡಬೇಕಾಯಿತು.

ಗ್ರಾಮಫೋನ್ ತಟ್ಟೆಗಳದು ಸಣ್ಣ ಕಥೆ, ಆದರೆ ಹೇಳಲೇಬೇಕು. ಮೂರರಲ್ಲಿ ಒಂದು ಬೀಳಗಿಯವರೇ ಆದ ಹಳೆ ಕಾಲದ ಗಾಯಕಿ ಅಮೀರಬಾಯಿ ಕರ್ನಾಟಕಿಯವರದು. ಧೂಳು ಕೂತಿತ್ತು. ಹೆಡ್ ಒರೆಸುವ ಐಸೋಪ್ರೊಪೈಲ್ ಕೈಯಲ್ಲೇ ಇತ್ತು, ಹತ್ತಿ ಅದ್ದಿಯೂ ಆಗಿತ್ತು. ಅಷ್ಟರಲ್ಲಿ ಹಳೆ ಟೇಪು, ರೆಕಾರ್ಡು ಬಲ್ಲ ಬೆಳಗಾವಿಯ ಹಿರಿಯರೊಬ್ಬರ ಫೋನ್ ಬಂತು, ಹೀಗೆ ಮಾಡುತ್ತಿದ್ದೇನೆ ಅಂದೆ. ಅವರು ಕಿರುಚಿದ್ದು ಇನ್ನೂ ಕಿವಿಯಲ್ಲಿದೆ. 78 ಆರ್‌ಪಿಎಂ ತಟ್ಟೆಗಳನ್ನು, ಅಂದರೆ ನಿಮಿಷಕ್ಕೆ 78 ಸುತ್ತು ತಿರುಗುವ ಇಂಥ ಹಳೆ ತಟ್ಟೆಗಳನ್ನು, ಅರಗಿನಿಂದ ಮಾಡುತ್ತಿದ್ದರು. ಆಲ್ಕೋಹಾಲ್ ತಾಗಿದರೆ ಅರಗು ಕರಗುತ್ತದೆ. ಇನ್ನೊಂದು ಸೆಕೆಂಡು ತಡವಾಗಿದ್ದರೆ ತಟ್ಟೆಯ ಗೆರೆಗಳನ್ನೇ ಒರೆಸಿ ಹಾಕಿರುತ್ತಿದ್ದೆ. ಅದಕ್ಕೆ ಬೇಕಾದ ಮುಳ್ಳೂ ದಪ್ಪ, ಆಮೇಲೆ ಬಂದ ಎಲ್‌ಪಿ ತಟ್ಟೆಯ ಮುಳ್ಳು ಹಾಕಿದರೆ ಗೆರೆಯ ತಳಕ್ಕೆ ಇಳಿದು ಬರೀ ಕರಕರ ಅನ್ನುತ್ತದೆ. ತಟ್ಟೆಗಳನ್ನು ಹಾಗೇ ಕಾಗದದಲ್ಲಿ ಸುತ್ತಿ, ನಿಲ್ಲಿಸಿ ಇಟ್ಟಿದ್ದೇನೆ.

ಆ ಹಿರಿಯರೇ ಸ್ಪೂಲು ತಗೊಂಡು ಬಾ ಅಂದರು. ಲೋಕಾಪುರ, ಯರಗಟ್ಟಿ ದಾಟಿ ಬೆಳಗಾವಿಗೆ ಬಸ್ಸಿನಲ್ಲಿ ಹೋದೆ. ಎರಡು ಸ್ಪೂಲನ್ನು ಮಗುವಿನ ಹಾಗೆ ತೊಡೆ ಮೇಲೆ ಇಟ್ಟುಕೊಂಡಿದ್ದೆ. ಅವರು ಮಷೀನು ಹಚ್ಚುವ ಮೊದಲು ಸ್ಪೂಲನ್ನು ಮೂಸಿದರು. ಆಮೇಲೆ ಕಿಟಕಿಯ ಬೆಳಕಿಗೆ ಹಿಡಿದರು. ಬೆಳಕು ತೂರಿ ಬಂದರೆ ಹಳೆ ಅಸಿಟೇಟ್ ಟೇಪು, ಕೆಟ್ಟಾಗ ಹುಳಿ ವಾಸನೆ ಹೊಡೆಯುತ್ತದೆ. ಕಪ್ಪಗೆ ಕಂಡರೆ ಪಾಲಿಯೆಸ್ಟರ್. ಕೆಲವು ಪಾಲಿಯೆಸ್ಟರ್ ಟೇಪು ಹಸಿ ಹಿಡಿದು ಅಂಟಂಟಾಗುತ್ತವೆ, ಅವನ್ನು ಸುಮಾರು 50 ಡಿಗ್ರಿ ಬಿಸಿಯಲ್ಲಿ ಗಂಟೆಗಟ್ಟಲೆ ಇಟ್ಟು ಒಣಗಿಸಿ ಒಂದೆರಡು ಸಲ ನುಡಿಸಿಕೊಳ್ಳಬಹುದಂತೆ. ಅಸಿಟೇಟಿಗೆ ಮಾತ್ರ ಬಿಸಿ ತೋರಿಸಲೇಬಾರದು. ಇದನ್ನು ಮನೆಯಲ್ಲಿ ಪ್ರಯೋಗ ಮಾಡಬೇಡಿ, ಗೊತ್ತಿದ್ದವರ ಕೈಗೆ ಕೊಡಿ. ನಮ್ಮ ಎರಡೂ ಪಾಲಿಯೆಸ್ಟರ್, ಅಂಟೂ ಇರಲಿಲ್ಲ. ಒಂದರಲ್ಲಿ ಇಡೀ ರಾತ್ರಿಯ ಹಂತಿಯ ನಲವತ್ತು ನಿಮಿಷ. ಇನ್ನೊಂದರಲ್ಲಿ ಯಾರದೋ ಮದುವೆಯ ಊಟದ ಗದ್ದಲ, "ಇತ್ತ ಕಡೆ ಸಾರು ತಗೊಂಡ್ ಬರ್ರಿ" ಅನ್ನುವುದು ಬಿಟ್ಟು ಏನೂ ಇಲ್ಲ. ಎರಡಕ್ಕೂ ಸೇರಿ ಆರು ಸಾವಿರ. ಸಾರಿನದಕ್ಕೆ ತಗೊಳ್ಳುವುದು ಬೇಡ ಅಂತ ಅವರು ಹೇಳಿದರು, ನಾನೇ ಕೊಟ್ಟೆ.

ಇಷ್ಟು ಹೊತ್ತಿಗೆ ಐದು ತಿಂಗಳಾಗಿತ್ತು. ಧ್ವನಿ ಕೈಗೆ ಬಂತು, ಇನ್ನು ಚಿತ್ರಕ್ಕೆ ಹಾಕುವುದೊಂದೇ ಬಾಕಿ ಅಂತ ನೆಮ್ಮದಿಯಿಂದ ಇದ್ದೆ. ಎಡಿಟರ್ ಹೇಳಿದ್ದಕ್ಕೆ ಒಬ್ಬ ವಕೀಲರನ್ನು ಕಂಡೆ. ಅವರು ಮೊದಲು ಕೇಳಿದ್ದೇ, "ಕಾಗದ ಎಲ್ಲೈತಿ?"

ನಾನು ತಿಳಿದುಕೊಂಡದ್ದು ಇಷ್ಟು. ಧ್ವನಿಮುದ್ರಣದ ಹಕ್ಕು ಅದನ್ನು ಮಾಡಿದವರದು, ಅಂದರೆ ಮಾಸ್ತರರದು, ಈಗ ಅವರ ವಾರಸುದಾರರದು. ಟ್ರಂಕು ಕೊಟ್ಟರು ಅಂದರೆ ಹಕ್ಕು ಕೊಟ್ಟರು ಅಂತಲ್ಲ. ಹಾಡಿದವರಿಗೆ ಬೇರೆಯೇ ಹಕ್ಕಿದೆ. 1957ರ ಕಾಪಿರೈಟ್ ಕಾಯ್ದೆಯಂತೆ ಅದು ಹಾಡಿದ ವರ್ಷದ ಮುಂದಿನ ಜನವರಿಯಿಂದ 50 ವರ್ಷ. ಅಂಗಡಿಗೆ ಬಂದ ರೆಕಾರ್ಡು, ಕ್ಯಾಸೆಟ್ಟು ಆದರೆ ಬಿಡುಗಡೆಯ ಮುಂದಿನ ಜನವರಿಯಿಂದ 60 ವರ್ಷ. ಅದು ಮುಗಿದರೂ ಹಾಡು ಬರೆದವರ, ರಾಗ ಹಾಕಿದವರ ಹಕ್ಕು ಅವರು ತೀರಿಕೊಂಡ ಮೇಲೂ 60 ವರ್ಷ ಇರುತ್ತದೆ. ಹಳೆಯದು ಅಂದರೆ ಎಲ್ಲರದೂ ಅಂತ ತಿಳಿದಿದ್ದೆ. ಅಮೀರಬಾಯಿಯವರ ತಟ್ಟೆಯ ವಿಚಾರವನ್ನು ಅಲ್ಲಿಗೇ ಕೈಬಿಟ್ಟೆ.

ಮಾಸ್ತರರ ಹೆಂಡತಿ ಮತ್ತು ಮೂವರು ಮಕ್ಕಳ ಸಹಿ ಬೇಕಿತ್ತು. ಒಬ್ಬ ಮಗಳು ಸೋಲಾಪುರದಲ್ಲಿ, ಒಬ್ಬ ಮಗ ಗೋವಾದಲ್ಲಿ. ದೀಪಾವಳಿಗೆ ಎಲ್ಲರೂ ಬರುವವರೆಗೆ ಎರಡು ತಿಂಗಳು ಕಾದೆ. ಹಾಡಿದವರ ಮನೆ ಹುಡುಕುವುದು ಅದಕ್ಕಿಂತ ಕಷ್ಟ. ಊರು ಎದ್ದಾಗ ಒಂದು ಓಣಿಯವರು ಒಂದು ಕಡೆ, ಇನ್ನೊಂದು ಓಣಿಯವರು ಇನ್ನೊಂದು ಕಡೆ ಹೋಗಿದ್ದಾರೆ. ಒಂದು ಮನೆಯವರು, "ನಮ್ಮಪ್ಪನ ದನಿ ಮಂದಿ ಮುಂದ ಬ್ಯಾಡ್ರಿ" ಅಂದರು. ಕಾರಣ ಕೇಳಲಿಲ್ಲ. ಆ ಹಾಡು ಚಿತ್ರದಲ್ಲಿ ಇಲ್ಲ. ಉಳಿದ ಆರು ಮನೆಗಳಿಗೆ ಎರಡೆರಡು ಸಾವಿರ ಕೊಟ್ಟೆವು.

ಒಪ್ಪಿಗೆ ಪತ್ರವನ್ನು ಕನ್ನಡದಲ್ಲಿ, ಒಂದೇ ಪುಟದಲ್ಲಿ ಮಾಡಿಸಿ. ಗಟ್ಟಿಯಾಗಿ ಓದಿ ಹೇಳಿ. ಚಿತ್ರ ಎಲ್ಲೆಲ್ಲಿ ತೋರಿಸುತ್ತೀರಿ, ಮೊಬೈಲಿನಲ್ಲೂ ಬರುತ್ತದೆಯೇ, ಹಾಡನ್ನು ಬೇರೆಯಾಗಿ ಮಾರುತ್ತೀರಾ ಅನ್ನುವುದು ಅದರಲ್ಲಿರಲಿ. ಹೆಬ್ಬೆಟ್ಟು ಒತ್ತುವವರಿದ್ದರೆ ಸಾಕ್ಷಿಗೆ ಅವರ ಕಡೆಯವರನ್ನೇ ಹಾಕಿ. ಓದಿ ಹೇಳುವುದನ್ನು ಮೊಬೈಲಿನಲ್ಲಿ ವಿಡಿಯೋ ಮಾಡಿಟ್ಟುಕೊಳ್ಳಿ.

ಎಲ್ಲಾ ಮುಗಿಯಿತು ಅನ್ನುವಾಗ 22ನೇ ಕ್ಯಾಸೆಟ್ಟು ಕೈಕೊಟ್ಟಿತು. ಚಿತ್ರ ಶುರುವಾಗುವುದೇ ಅದರ ಬೀಸುವ ಪದದಿಂದ. ಲೇಬಲ್ಲಿನ ಮೇಲೆ ಮಾಸ್ತರರ ದುಂಡಗಿನ ಅಕ್ಷರದಲ್ಲಿ ಒಬ್ಬ ಹೆಣ್ಣುಮಗಳ ಹೆಸರು, ಕೆಳಗೆ 1981. ಆಕೆ ಈಗಿಲ್ಲ. ಮಗ ಸಹಿ ಹಾಕಿಕೊಟ್ಟಿದ್ದ. ಬೇರೆ ಪುನರ್ವಸತಿ ಕೇಂದ್ರದಲ್ಲಿದ್ದ ಮಗಳಿಗೂ ಕೇಳಿಸೋಣ ಅಂತ ಹೋದೆ. ಹತ್ತು ಸೆಕೆಂಡು ಕೇಳಿದ್ದಾರೋ ಇಲ್ಲವೋ, ಫೋನ್ ವಾಪಸ್ ಕೊಟ್ಟರು.

"ಇದು ನಮ್ಮವ್ವ ಅಲ್ರಿ. ನಮ್ಮವ್ವನ ದನಿ ಇಷ್ಟ್ ಸಣ್ಣದಿಲ್ಲ."

ನನಗೆ ಒಂದು ಅನುಮಾನ ಇತ್ತು. ಸೆಲ್ಲು ಇಳಿದಾಗ ರೆಕಾರ್ಡರ್ ನಿಧಾನ ಓಡುತ್ತದೆ. ಆ ಟೇಪನ್ನು ಸರಿಯಾದ ವೇಗದಲ್ಲಿ ನುಡಿಸಿದರೆ ದನಿ ಸಣ್ಣದಾಗಿ ಕೇಳುತ್ತದೆ. ಮಾಸ್ತರರು ಸೆಲ್ಲಿನ ವಿಷಯದಲ್ಲಿ ಜಿಪುಣರು, ಹಲವು ಕ್ಯಾಸೆಟ್ಟುಗಳಲ್ಲಿ ಹೀಗಾಗಿದೆ. ವೇಗ ಇಳಿಸಿದ ಪ್ರತಿ ಮಾಡಿಕೊಂಡು ವಾರ ಬಿಟ್ಟು ಮತ್ತೆ ಹೋದೆ. ಆಗಲೂ, "ಅಲ್ಲ."

ಮನೆಗೆ ಬಂದು ಇಡೀ ಕ್ಯಾಸೆಟ್ಟನ್ನು ಹೆಡ್‌ಫೋನ್ ಹಾಕಿಕೊಂಡು ಕೇಳಿದೆ. ಎರಡನೇ ಮಗ್ಗುಲಲ್ಲಿ, ಹಾಡಿನ ಹಿಂದೆ, ಪಕ್ಕದ ಮನೆಯ ರೇಡಿಯೋ ವಾರ್ತೆ. "ಮುಖ್ಯಮಂತ್ರಿ ರಾಮಕೃಷ್ಣ ಹೆಗಡೆ" ಅನ್ನುವುದು ಸ್ಪಷ್ಟ ಇತ್ತು. ಹೆಗಡೆಯವರು ಮುಖ್ಯಮಂತ್ರಿ ಆದದ್ದು 1983ರ ಜನವರಿಯಲ್ಲಿ. 1981ರ ಕ್ಯಾಸೆಟ್ಟಿನಲ್ಲಿ ಅವರು ಹೇಗೆ ಬರುತ್ತಾರೆ? ಮಾಸ್ತರರು ಹಳೆಯದರ ಮೇಲೆ ಹೊಸದು ತುಂಬಿದ್ದಾರೆ, ಲೇಬಲ್ ಮಾತ್ರ ಬದಲಿಸಿಲ್ಲ. ಹಾಗಾದರೆ ಹಾಡಿದ್ದು ಯಾರು?

ಮೂರು ತಿಂಗಳು ಕೇಳುತ್ತಾ ತಿರುಗಿದೆ. ಕೊನೆಗೆ ಯಾರೋ, "ಮ್ಯಾಲಿನ ಓಣಿ ಸಣ್ಣ ಸೊಸಿ ಇರಬೇಕು, ಕೇಳಿ ನೋಡ್ರಿ" ಅಂದರು. ಹುಡುಕಿಕೊಂಡು ಹೋದರೆ ಎಪ್ಪತ್ತರ ಹತ್ತಿರದ ಅಜ್ಜಿ ಕಟ್ಟೆಯ ಮೇಲೆ ಶೇಂಗಾ ಸುಲಿಯುತ್ತಾ ಕೂತಿದ್ದರು. ಫೋನ್ ಕಿವಿಗೆ ಹಿಡಿದೆ. ಮುಖದಲ್ಲಿ ಏನೂ ಕಾಣಲಿಲ್ಲ. ಆಮೇಲೆ ಬೆರಳು ಎತ್ತಿದರು.

"ತಡೀರಿ. ಟಕ್ ಅಂತದ ನೋಡ್ರಿ. ಮತ್ತ... ಈಗ. ಕಲ್ಲು ನಮ್ದs. ಮ್ಯಾಲಿನ ಕಲ್ಲು ಒಂದ್ ಕಡೆ ಒಡದಿತ್ತು, ಸುತ್ತಿಗೊಮ್ಮೆ ಟಕ್ ಅಂತಿತ್ತು. ನಮ್ಮತ್ತಿ ದಿನಾ ಬೈತಿದ್ಲು, ನೀನs ಕೆಡವಿದಿ ಅಂತ."

ನಾನು ಆ ಟಕ್ಕನ್ನು ನೂರು ಸಲ ಕೇಳಿದ್ದೆ. ಟೇಪಿನ ದೋಷ ಅಂದುಕೊಂಡಿದ್ದೆ. ಮಿಕ್ಸಿಂಗಿನಲ್ಲಿ ತೆಗೆಸಬೇಕಾದವುಗಳ ಪಟ್ಟಿಯಲ್ಲಿ ಅದನ್ನೂ ಬರೆದಿದ್ದೆ. ಸ್ಟುಡಿಯೋ ಹುಡುಗ ಮಾಡಿಕೊಟ್ಟ ಪ್ರತಿಯೂ ಫೋನಿನಲ್ಲೇ ಇತ್ತು, ಅದನ್ನೂ ಹಾಕಿ ತೋರಿಸಿದೆ. ಅಜ್ಜಿ ಕೇಳಿ ತಲೆ ಅಲ್ಲಾಡಿಸಿದರು. "ಇದು ಯಾರೋ ಏನೋ, ನನಗ ಗೊತ್ತಿಲ್ಲ."

ಹಾಡಿನ ನಡುವೆ ಒಂದು ಕೂಸು ಅಳುತ್ತದೆ. ಅದು ತನ್ನ ದೊಡ್ಡ ಮಗ ಅಂದರು, ಆಗ ಇನ್ನೂ ನಡೆಯುತ್ತಿರಲಿಲ್ಲವಂತೆ. ಮಗ ಲಾರಿ ಡ್ರೈವರ್, ಒಳಗೆ ಮಲಗಿದ್ದರು, ಎದ್ದು ಬಂದರು. ಆಧಾರ್ ಕಾರ್ಡ್ ತೆಗೆಸಿದೆವು. ಹುಟ್ಟಿದ್ದು 1984, ಜೂನ್ 1. ಜೂನ್ 1 ಅಂದರೆ ಸಾಲಿಗೆ ಹೆಸರು ಹಚ್ಚುವಾಗ ಬರೆದ ತಾರೀಕು, ಬರೆದವರು ಯಾರು ಅಂತ ಕೇಳಿದರೆ ಇದೇ ಮಾಸ್ತರರು! ಅವರ ಲೇಬಲ್ಲಿನ ಹಣೆಬರಹ ನೋಡಿಯಾಗಿತ್ತು. ಆದರೂ ಬೇರೆ ದಾರಿ ಇರಲಿಲ್ಲ, ಪತ್ರದಲ್ಲಿ "ಸುಮಾರು 1985" ಅಂತ ಬರೆದೆವು. ಹಳೆ ಲೇಬಲ್ಲಿನ ಮನೆಯವರಿಗೆ ಫೋನ್ ಮಾಡಿ ವಿಷಯ ತಿಳಿಸಿದೆ. ದುಡ್ಡು ವಾಪಸ್ ಕೇಳಲಿಲ್ಲ, ಚಿತ್ರದ ಹೆಸರುಗಳ ಪಟ್ಟಿ ಮಾತ್ರ ಬದಲಾಯಿತು.

ಈಗ 85 ಜಿಬಿ ಎರಡು ಹಾರ್ಡ್ ಡಿಸ್ಕಿನಲ್ಲಿದೆ, ಎರಡಕ್ಕೂ ಸೇರಿ 9,200. ಒಂದು ನನ್ನ ಹತ್ತಿರ, ಒಂದು ಮಾಸ್ತರರ ಮಗನ ಮನೆಯಲ್ಲಿ, ಮೂರನೇ ಪ್ರತಿ ಇಂಟರ್ನೆಟ್ಟಿನಲ್ಲಿ. ಟ್ರಂಕನ್ನು ಅವರ ಮನೆಗೇ ವಾಪಸ್ ಕೊಟ್ಟಿದ್ದೇನೆ, ಅಟ್ಟಕ್ಕೆ ಅಲ್ಲ, ಒಳಕೋಣೆಗೆ. ಮೂಲ ಟೇಪುಗಳನ್ನು ಯಾವುದಾದರೂ ಸಂಗ್ರಹಾಲಯಕ್ಕೆ ಕೊಡುವ ಮಾತು ನಡೆದಿದೆ. 1982ರಿಂದ ಇಂಥ ಟೇಪುಗಳನ್ನೇ ಕೂಡಿಸಿಡುತ್ತಿರುವ ಸಂಸ್ಥೆಯೊಂದು ಗುರುಗ್ರಾಮದಲ್ಲಿದೆ, ಹಾವೇರಿ ಜಿಲ್ಲೆಯ ಗೊಟಗೋಡಿಯಲ್ಲಿ ನಮ್ಮದೇ ಜಾನಪದ ವಿಶ್ವವಿದ್ಯಾಲಯ ಇದೆ. ಮನೆಯವರು ಇನ್ನೂ ತೀರ್ಮಾನ ಮಾಡಿಲ್ಲ.

ಅಜ್ಜಿ ಹೆಬ್ಬೆಟ್ಟು ಒತ್ತಿದರು. ಮಗ ಸಾಕ್ಷಿ ಸಹಿ ಹಾಕಿ, ಪೆನ್ನು ವಾಪಸ್ ಕೊಡುತ್ತಾ ಕೇಳಿದರು, "ಅವ್ವಗ ಹಾಡಿದ್ದಕ್ಕ ಎರಡ್ ಸಾವಿರ ಕೊಟ್ರಿ. ನಾ ಅತ್ತಿದ್ದಕ್ಕ?"

ನೂರು ರೂಪಾಯಿ ಕೊಟ್ಟೆ. ಚಾಕ್ಕೆ ಅಂತ ಅವರೇ ಅದಕ್ಕೆ ಇನ್ನೊಂದು ನೂರು ಸೇರಿಸಿ, ಎಲ್ಲರಿಗೂ ಚೂಡಾ ಮಿರ್ಚಿ ತರಿಸಿದರು.